ಕಣಿವೆ ಅಂದರೆ ತಗ್ಗೋ, ದಾರಿಯೋ?

ಕನ್ನಡದ ಸಮಾಜ ಪಾಠದಲ್ಲಿ 'ಸಿಂಧೂ ಕಣಿವೆ' ಬರುತ್ತದೆ, 'ಖೈಬರ್ ಕಣಿವೆ'ಯೂ ಬರುತ್ತದೆ. ಮೊದಲನೆಯದು ನದಿ ಹರಿಯುವ ಬಯಲು, ಎರಡನೆಯದು ಬೆಟ್ಟಸಾಲಿನ ನಡುವೆ ದಾಟಿಹೋಗುವ ದಾರಿ. ಎರಡಕ್ಕೂ ಒಂದೇ ಪದ ಏಕೆ ಎಂದು ಮಕ್ಕಳು ಕೇಳುತ್ತಾರೆ. ಕೇಳಲೇಬೇಕಾದ ಪ್ರಶ್ನೆಯೇ!

ಗಡಿಯಾಚೆ ಇರುವ ನಮಗೆ ಉತ್ತರ ಪಕ್ಕದ ತಮಿಳಿನಲ್ಲೇ ಸಿಗುತ್ತದೆ. ತಮಿಳರು ಖೈಬರನ್ನು 'ಕಣವಾಯ್' ಎನ್ನುತ್ತಾರೆ, ಸಿಂಧೂ ಬಯಲನ್ನು 'ಸಮವೆಳಿ' ಎನ್ನುತ್ತಾರೆ. ತೆಲುಗಿನ 'ಕನುಮ' ಕೂಡ ಬೆಟ್ಟದ ದಾರಿಯೇ. ಕಣಿವೆ, ಕಣವಾಯ್, ಕನುಮ ಮೂರೂ ಒಂದೇ ಬಳ್ಳಿಯವು. ಮೂರಕ್ಕೂ ಸಾಮಾನ್ಯವಾದ ಅರ್ಥ ಬೆಟ್ಟದ ನಡುವಿನ ತೆರವು. ತಗ್ಗು, ಬಯಲು ಎಂಬ ಅರ್ಥ ಕನ್ನಡದಲ್ಲಿ ಆಮೇಲೆ ಸೇರಿಕೊಂಡದ್ದು ಎಂದೇ ತೋರುತ್ತದೆ.

'ಕಣವಾಯ್' ಎಂದಾಗ ಕೊನೆಯ 'ವಾಯ್' ನಮ್ಮ 'ಬಾಯಿ'ಯಂತೆ ಕೇಳಿಸುತ್ತದೆ. 'ಬೆಟ್ಟದ ಬಾಯಿ' ಎಂದು ಅರ್ಥ ಹೇಳಲು ಆಸೆಯಾಗುತ್ತದೆ. ಆದರೆ ತೆಲುಗಿನ 'ಕನುಮ'ದಲ್ಲಿ ಬಾಯಿ ಇಲ್ಲ. ಆದ್ದರಿಂದ ಕಿವಿಗೆ ಹೊಂದಿದ್ದನ್ನೇ ಪದದ ಹುಟ್ಟು ಎನ್ನಬಾರದು.

ಧಾರಾಪುರಂ ಸೀಮೆಯಲ್ಲಿ ಈ ಪದವನ್ನು ಕಣ್ಣಾರೆ ಕಾಣಬಹುದು. ಪಶ್ಚಿಮಕ್ಕೆ ನೀಲಗಿರಿ ಮತ್ತು ಆನೆಮಲೆಗಳ ನಡುವೆ ಸುಮಾರು 30-40 ಕಿ.ಮೀ. ಅಗಲದ ಪಾಲಕ್ಕಾಡ್ ಕಣಿವೆಯಿದೆ. ಮುಂಗಾರಿನ ಗಾಳಿ ಅದರೊಳಗಿಂದ ನುಗ್ಗಿ ಇಲ್ಲಿನ ಗಾಳಿಯಂತ್ರಗಳನ್ನು ತಿರುಗಿಸುತ್ತದೆ.

ಗಾಳಿ ಬಂದಂತೆ ದಂಡುಗಳೂ ಬಂದವು. 1783ರಲ್ಲಿ ಇಂಗ್ಲಿಷರ ಕರ್ನಲ್ ಫುಲ್ಲರ್ಟನ್ ಅಮರಾವತಿ ದಡದ ಧಾರಾಪುರಂ ಕೋಟೆ ಹಿಡಿದು, ಮುಂದೆ ಪಾಲಕ್ಕಾಡನ್ನೂ ಹಿಡಿದ. 1784ರ ಮಂಗಳೂರು ಒಪ್ಪಂದದಿಂದ ಈ ಊರು ಮತ್ತೆ ಟಿಪ್ಪುವಿಗೆ ಸೇರಿತು. 1790ರಲ್ಲಿ ಅದು ಪುನಃ ಇಂಗ್ಲಿಷರ ಕೈಸೇರಿದಾಗ, ಟಿಪ್ಪು ಮೈಸೂರಿನ ಕಡೆಯಿಂದ ಗಜ್ಜಲಹಟ್ಟಿ ಕಣಿವೆ ಇಳಿದು ಸತ್ಯಮಂಗಲದಲ್ಲಿ ಕಾದಾಡಿ, ಅದೇ ವರ್ಷ ಧಾರಾಪುರವನ್ನು ಗೆದ್ದುಕೊಂಡ. 1792ರಲ್ಲಿ ಕೋಟೆಯನ್ನು ಕೆಡವಲಾಯಿತು.

ಈ ಸೀಮೆಯಲ್ಲಿ ದೇವಾಂಗರೇ ಮೊದಲಾಗಿ ಕನ್ನಡ ಮನೆಮಾತಿನವರು ತಲೆಮಾರುಗಳಿಂದ ಇದ್ದಾರೆ. ಅವರ ಮಕ್ಕಳು ಸಾಮಾನ್ಯವಾಗಿ ಓದುವುದು ತಮಿಳಿನಲ್ಲಿ. ಮನೆಯ ಮಾತು ಶಾಲೆಗೆ ಉಪಯೋಗವಿಲ್ಲ ಎಂದು ಅವರಿಗೆ ಅನಿಸಿಬಿಟ್ಟರೆ ಆ ಮಾತು ಮುಂದಿನ ತಲೆಮಾರಿಗೆ ಉಳಿಯುವುದಿಲ್ಲ. ಪಾಠದಲ್ಲಿ 'ಕಣವಾಯ್' ಬಂದ ದಿನ "ಇದಕ್ಕೆ ನಿಮ್ಮ ಮನೆಯಲ್ಲಿ ಏನಂತಾರೆ?" ಎಂದು ಕೇಳಿ, ಆ ಪದವನ್ನೂ ಹಲಗೆಯ ಮೇಲೆ ಬರೆಯೋಣ. ಅಷ್ಟು ಮಾಡಲು ಯಾವ ಆದೇಶವೂ ಬೇಕಿಲ್ಲ.