ಜೋಳದ ಸೀಮೆಯಲ್ಲಿ ಕೂಸು ಸಾಕಿದ ಬಗೆ

ವಿಜಯಪುರ ಜಿಲ್ಲೆಯ ಮುಳವಾಡದ ಸುತ್ತಣ ಎರೆಭೂಮಿಯ ಹಳ್ಳಿಗಳಲ್ಲಿ ಮಕ್ಕಳನ್ನು ಬೆಳೆಸುವ ಹೊಣೆ ಬಹುಕಾಲ ತಂದೆತಾಯಿಯರಿಗಷ್ಟೇ ಸೇರಿರಲಿಲ್ಲ. ತವರುಮನೆ, ಆಯಿ (ಅಜ್ಜಿ), ಮುತ್ಯಾ (ಅಜ್ಜ), ಓಣಿಯ ಹೆಂಗಸರು ಎಲ್ಲರಿಗೂ ಅದರಲ್ಲಿ ಪಾಲಿತ್ತು. ಯಾರ ಪಾಲು ಎಷ್ಟು ಎಂಬುದನ್ನು ಬಹುಮಟ್ಟಿಗೆ ಬಿಳಿಜೋಳದ ಬೇಸಾಯವೇ ನಿರ್ಧರಿಸುತ್ತಿತ್ತು.

ಚೊಚ್ಚಲ ಹೆರಿಗೆ ತವರಿನಲ್ಲಿ. ಕುಬಸ (ಸೀಮಂತ) ಮುಗಿಸಿಕೊಂಡು ಬಂದ ಮಗಳಿಗೆ ಸೂಲಗಿತ್ತಿಯೇ ಹೆರಿಗೆ ಮಾಡಿಸುತ್ತಿದ್ದಳು. ಬಾಣಂತಿಯ ಹೊರಸಿನ ಕೆಳಗೆ ಕುಳ್ಳಿನ ಕೆಂಡ, ತಿನ್ನಲು ಅಂಟಿನ ಉಂಡಿ, ಅಳವಿ ಪಾಯಸ. ಕೂಸಿನ ತಲೆಗೆ ಕುಲಾಯಿ, ಮೈಗೆ ಹಳೆ ಸೀರೆಗಳ ಕೌದಿ. ಐದನೆಯ ದಿನ ಸಟವಿಯ ಪೂಜೆ: ದೇವಿ ಅಂದು ರಾತ್ರಿ ಹಣೆಬರಹ ಬರೆಯುತ್ತಾಳೆಂದು ನಂಬಿಕೆ. ಲಿಂಗಾಯತ ಮನೆಗಳಲ್ಲಿ ಗಂಡು ಹೆಣ್ಣೆನ್ನದೆ ಲಿಂಗಧಾರಣೆ ಆಗುತ್ತಿತ್ತು. ಹೆಣ್ಣಿಗಿಲ್ಲದ ಉಪನಯನ ಒಲ್ಲೆನೆಂದ ಬಸವಣ್ಣನ ಬಾಗೇವಾಡಿ ಇಲ್ಲಿಗೆ ದೂರವಲ್ಲ. ಆದರೆ ತೊಟ್ಟಿಲಲ್ಲಿದ್ದ ಸಮಾನತೆ ಹೊಲದ ಪಾಲಿಗೆ ಬರಲಿಲ್ಲ. ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಹುಟ್ಟಿನಿಂದಲೇ ಹಕ್ಕು ಸಿಕ್ಕಿದ್ದು 1994ರ ಕರ್ನಾಟಕ ತಿದ್ದುಪಡಿಯಿಂದ.

ಗಂಡನ ಮನೆಗೆ ಮರಳಿದ ಸೊಸೆಗೆ ಹೊಲ ಕಾದಿರುತ್ತಿತ್ತು. ಹಿಂಗಾರಿ ಕಳೆಗೂ ಸುಗ್ಗಿಗೂ ಮೊಲೆಗೂಸನ್ನು ಒಯ್ದು, ಬದುವಿನ ಮರಕ್ಕೆ ಸೀರೆಯ ಜೋಳಿಗೆ ಕಟ್ಟಿ ಮಲಗಿಸುತ್ತಿದ್ದಳು. ಮೊಲೆ ಬಿಟ್ಟ ಮಕ್ಕಳು ಆಯಿಯ ಪಾಲು. ಹಿರಿಯರೆದುರು ಅಪ್ಪ ತನ್ನ ಕೂಸನ್ನು ಎತ್ತಿ ಮುದ್ದಾಡುವುದು ಮರ್ಯಾದೆ ಎನಿಸುತ್ತಿರಲಿಲ್ಲ. ಅಣ್ಣತಮ್ಮಂದಿರ ಮಕ್ಕಳನ್ನಾದರೆ ಎತ್ತಬಹುದಿತ್ತು. ಅದು ಕಲ್ಲೆದೆಯಲ್ಲ, ಒಂದೇ ಒಲೆಯ ಮನೆಯಲ್ಲಿ ತನ್ನವರು, ಪರರು ಎಂಬ ಭೇದ ತೋರದಿರಲೆಂಬ ಎಚ್ಚರ. ಆ ಒಗ್ಗಟ್ಟಿನ ಭಾರ ಮಾತ್ರ ಎಲ್ಲರೂ ಉಂಡ ಮೇಲೆ ಉಣ್ಣಬೇಕಿದ್ದ ಸೊಸೆಯ ಮೇಲೆಯೇ ಬೀಳುತ್ತಿತ್ತು.

ಕಲಿಕೆಗೆ ಹಬ್ಬಗಳೇ ದಾರಿ. ಮಣ್ಣೆತ್ತಿನ ಅಮವಾಸ್ಯೆಗೆ ಹುಡುಗರು ಎತ್ತು ಮಾಡುತ್ತಿದ್ದರು, ಆಷಾಢದ ಮಂಗಳವಾರಗಳಂದು ಹುಡುಗಿಯರು ಮಣ್ಣಿನ ಗುಳ್ಳವ್ವನನ್ನು ಕೂರಿಸುತ್ತಿದ್ದರು. ಎಳ್ಳಮವಾಸ್ಯೆಗೆ ಮನೆಮಂದಿಯೆಲ್ಲ ಹೊಲಕ್ಕೆ ಹೋಗಿ ಭೂಮಿತಾಯಿಗೆ ಎಡೆಯಾಗಿ ಚರಗ ಚೆಲ್ಲುವಾಗ ತಮ್ಮ ಹೊಲದ ಮೇರೆ ಎಲ್ಲಿಯವರೆಗೆಂಬುದು ಮಕ್ಕಳಿಗೆ ತಿಳಿಯುತ್ತಿತ್ತು.

1876–78ರ ಬರ ಈ ಸೀಮೆಯ ಸಂಸಾರಗಳನ್ನು ಚದುರಿಸಿತು. 1884ರಲ್ಲಿ ಗದಗ–ಹೊಟಗಿ ರೈಲುಮಾರ್ಗ ತೆರೆದ ಮೇಲೆ ಸೊಲ್ಲಾಪುರದ ಗಿರಣಿಗಳು ಹತ್ತಿರವಾದವು. ಮುಂದೆ ಗೋವೆಯ ಕಟ್ಟಡಗೆಲಸ, ಮಹಾರಾಷ್ಟ್ರದ ಕಬ್ಬು ಕಡಿತಕ್ಕೆ ಗುಳೆ ಹೋಗುವುದು ರೂಢಿಯಾಗಿ, ಶಾಲೆಗೆ ಹೋಗುವ ಮಕ್ಕಳನ್ನು ಆಯಿಯ ಹತ್ತಿರ ಬಿಡುವುದು ಅನಿವಾರ್ಯವಾಯಿತು. 1975ರಲ್ಲಿ ದೇಶದಲ್ಲಿ ಆರಂಭವಾದ ಸಮಗ್ರ ಶಿಶು ಅಭಿವೃದ್ಧಿ ಯೋಜನೆ ಕ್ರಮೇಣ ಹಳ್ಳಿಗಳಿಗೂ ಅಂಗನವಾಡಿ ತಂದಿತು. ಊರಲ್ಲೇ ದುಡಿಯುವ ತಾಯಿಗೆ ಅದು ದೊಡ್ಡ ಆಸರೆ. ಆದರೆ ತಂದೆತಾಯಿಯ ಜೊತೆ ಕಬ್ಬಿನ ಗದ್ದೆಯ ಗುಡಿಸಲಿಗೆ ಹೋದ ಮಗುವಿಗೆ ಊರಿನ ಅಂಗನವಾಡಿಯಿಂದ ಪ್ರಯೋಜನವಿಲ್ಲ.