ಸರೋವರದ ದಂಡೆಯ ಬಡಾವಣೆ: ಒಂದು ನಂಬಿಕೆಯ ಚರಿತ್ರೆ



ಈ ದೇಶದಲ್ಲಿ ನಾನು ರೆಸಿಡೆನ್ಸಿ ಮಾಡುತ್ತಿದ್ದ ದಿನಗಳಲ್ಲಿ ವೃದ್ಧ ರೋಗಿಯೊಬ್ಬರು ತಮ್ಮ ಕಾಯಿಲೆಯ ಕಥೆಯನ್ನು ಅರ್ಧಕ್ಕೇ ನಿಲ್ಲಿಸಿ, “ಡಾಕ್ಟರೇ, ನೀವು ಬರೆದುಕೊಳ್ಳುತ್ತಿರುವುದನ್ನು ಯಾರು ಯಾರು ಓದುತ್ತಾರೆ?” ಎಂದು ಕೇಳಿದರು. ಉತ್ತರ ದೊರೆತ ಮೇಲೆಯೇ ಉಳಿದುದನ್ನು ಹೇಳಿದರು. ನಮ್ಮ ಟೊರಾಂಟೊ ನಗರವೂ ಒಮ್ಮೆ ಇದೇ ಪ್ರಶ್ನೆಯನ್ನು ಕೇಳಿತು. ಆ ಚರಿತ್ರೆಯನ್ನು ತಮ್ಮ ಮುಂದಿಡಬಯಸುತ್ತೇನೆ.

2017ರ ಅಕ್ಟೋಬರ್ ತಿಂಗಳಲ್ಲಿ, ಒಂಟಾರಿಯೊ ಸರೋವರದ ದಂಡೆಯ ಕೀಸೈಡ್ ಎಂಬ 12 ಎಕರೆ ಜಾಗದಲ್ಲಿ ‘ಸ್ಮಾರ್ಟ್’ ಬಡಾವಣೆಯೊಂದನ್ನು ರೂಪಿಸುವ ಯೋಜನೆ ಪ್ರಕಟವಾಯಿತು. ಸಾರ್ವಜನಿಕ ಸಂಸ್ಥೆಯಾದ ವಾಟರ್‌ಫ್ರಂಟ್ ಟೊರಾಂಟೊ, ಗೂಗಲ್‌ನ ಸೋದರ ಸಂಸ್ಥೆ ಸೈಡ್‌ವಾಕ್ ಲ್ಯಾಬ್ಸನ್ನು ಇದಕ್ಕಾಗಿ ಆರಿಸಿತ್ತು. ಸಂಚಾರ, ವಿದ್ಯುತ್ತು, ಕಸ ವಿಲೇವಾರಿ ಎಲ್ಲವನ್ನೂ ಸಂವೇದಕಗಳು ಅಳೆಯಬೇಕು. ಆ ಮಾಹಿತಿಯಿಂದ ಬಡಾವಣೆ ನಡೆಯಬೇಕು. ಉದ್ದೇಶ ಕೆಟ್ಟದ್ದಾಗಿರಲಿಲ್ಲ. ಆದರೆ ರಾಶಿ ಬೀಳುವ ಮಾಹಿತಿ ಯಾರ ವಶದಲ್ಲಿರುತ್ತದೆ ಎಂಬುದು ಆರಂಭದಲ್ಲಿ ನಿರ್ಧಾರವಾಗಿರಲಿಲ್ಲ.

ಒಂಟಾರಿಯೊದ ಮಾಜಿ ಖಾಸಗಿತನ ಆಯುಕ್ತೆ ಆನ್ ಕವೂಕಿಯನ್ ಯೋಜನೆಯ ಸಲಹೆಗಾರರಾಗಿದ್ದರು. ಮಾಹಿತಿ ಸಂಗ್ರಹವಾದ ಕ್ಷಣದಲ್ಲೇ ವ್ಯಕ್ತಿಯ ಗುರುತನ್ನು ಅಳಿಸಬೇಕೆಂಬುದು ಅವರ ಷರತ್ತು. ಇತರ ಕಂಪನಿಗಳು ಹಾಗೆ ಮಾಡುವಂತೆ ಕಡ್ಡಾಯಪಡಿಸಲಾಗದು ಎಂದು ತಿಳಿದಾಗ, 2018ರ ಅಕ್ಟೋಬರ್‌ನಲ್ಲಿ ರಾಜೀನಾಮೆ ಕೊಟ್ಟರು. ಮರುವರ್ಷ ಕೆನಡಾದ ನಾಗರಿಕ ಸ್ವಾತಂತ್ರ್ಯ ಸಂಘ ನ್ಯಾಯಾಲಯದ ಮೊರೆಹೊಕ್ಕಿತು. 2019ರ ಜೂನ್‌ನಲ್ಲಿ 1,500ಕ್ಕೂ ಹೆಚ್ಚು ಪುಟಗಳ ಯೋಜನಾ ವರದಿ ಹೊರಬಂದರೂ ಶಂಕೆ ನೀಗಲಿಲ್ಲ. 2020ರ ಮೇ 7ರಂದು ಕಂಪನಿ ಹಿಂದೆ ಸರಿಯಿತು. ಅದು ಕೊಟ್ಟ ಕಾರಣ ಆರ್ಥಿಕ ಅನಿಶ್ಚಿತತೆ; ಆದರೆ ಜನರ ವಿಶ್ವಾಸ ಅದಕ್ಕೂ ಮೊದಲೇ ಸಡಿಲಗೊಂಡಿತ್ತು.

ಕೀಸೈಡ್ ಯೋಜನೆ ಪ್ರಕಟವಾಗುವ ಎರಡು ತಿಂಗಳ ಮೊದಲು, 2017ರ ಆಗಸ್ಟ್ 24ರಂದು, ಭಾರತದ ಸರ್ವೋಚ್ಚ ನ್ಯಾಯಾಲಯದ ಒಂಬತ್ತು ನ್ಯಾಯಮೂರ್ತಿಗಳು ಖಾಸಗಿತನವು ಮೂಲಭೂತ ಹಕ್ಕೆಂದು ಒಮ್ಮತದಿಂದ ಸಾರಿದ್ದರು. ಆಧಾರ್ ಯೋಜನೆಯನ್ನು ಪ್ರಶ್ನಿಸಿ 2012ರಲ್ಲಿ ಆ ಮೊಕದ್ದಮೆ ಹೂಡಿದವರು ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ. ಎಂಬತ್ತು ದಾಟಿದ ವಯಸ್ಸಿನಲ್ಲಿ ಅವರೆತ್ತಿದ್ದೂ ನನ್ನ ರೋಗಿಯ ಪ್ರಶ್ನೆಯನ್ನೇ.

ತಂತ್ರಜ್ಞಾನವನ್ನು ನಾನು ದೂಷಿಸುವವನಲ್ಲ. ದಾಖಲೆಗಳಿಲ್ಲದೆ ವೈದ್ಯ ಕುರುಡ. ಆದರೆ ರೋಗಿಯ ಒಪ್ಪಿಗೆಯನ್ನು ಶಸ್ತ್ರಚಿಕಿತ್ಸೆಯ ನಂತರ ಕೇಳುವ ಪದ್ಧತಿ ನಮ್ಮಲ್ಲಿಲ್ಲ. ನಗರಗಳಿಗೂ ಈ ನಿಯಮ ಸಲ್ಲಬೇಕು. ನಿಮ್ಮೂರಿನ ಪುರಸಭೆ ಇಂತಹ ಯೋಜನೆ ತಂದಾಗ ದಯವಿಟ್ಟು ಸಭೆಗೆ ಹೋಗಿ, ಮಕ್ಕಳನ್ನೂ ಕರೆದೊಯ್ಯಿರಿ. ಮಾಹಿತಿ ಎಲ್ಲಿರುತ್ತದೆ, ಎಷ್ಟು ಕಾಲ ಇರುತ್ತದೆ, ಯಾರು ಓದುತ್ತಾರೆ ಎಂದು ಕೇಳಿರಿ.