ಜಾತಿ ಪ್ರಮಾಣ ಪತ್ರದ ವಿವಾದ ಮತ್ತು ನೌಕರರ ಮೇಲಿನ ಶಿಸ್ತು ಕ್ರಮ – ಸಾರ್ವಜನಿಕರಿಗೆ ಮಾಹಿತಿ

ಪೀಠಿಕೆ

ಪರಿಶಿಷ್ಟ ಜಾತಿ ಅಥವಾ ಪರಿಶಿಷ್ಟ ಪಂಗಡದ ಮೀಸಲಾತಿಯಡಿ ಸೇವೆಗೆ ಸೇರಿದ ನೌಕರರ ಜಾತಿ ಪ್ರಮಾಣ ಪತ್ರವು ಹಲವು ವರ್ಷಗಳ ನಂತರವೂ ಪ್ರಶ್ನೆಗೆ ಒಳಗಾಗಬಹುದು. ಅಂತಹ ಸಂದರ್ಭದಲ್ಲಿ ಜಾತಿಯನ್ನು ನಿರ್ಣಯಿಸುವವರು ಯಾರು, ನೌಕರಿಗೆ ಏನಾಗುತ್ತದೆ, ನೌಕರರಿಗೆ ಇರುವ ಅವಕಾಶಗಳೇನು ಎಂಬುದನ್ನು ಅರ್ಜಿದಾರರ ಮತ್ತು ನೌಕರರ ತಿಳಿವಳಿಕೆಗಾಗಿ ಇಲ್ಲಿ ವಿವರಿಸಲಾಗಿದೆ.

1. ಪಟ್ಟಿಯನ್ನು ಬದಲಾಯಿಸುವ ಅಧಿಕಾರ

ಸಂವಿಧಾನದ 341 ಮತ್ತು 342ನೇ ಅನುಚ್ಛೇದಗಳ ಅನ್ವಯ ಪರಿಶಿಷ್ಟ ಜಾತಿ ಹಾಗೂ ಪಂಗಡಗಳ ಪಟ್ಟಿಯನ್ನು ರಾಷ್ಟ್ರಪತಿಗಳ ಆದೇಶವು ನಿಗದಿಪಡಿಸುತ್ತದೆ. ಅದಕ್ಕೆ ಸೇರಿಸುವ ಅಥವಾ ಅದರಿಂದ ಕೈಬಿಡುವ ಅಧಿಕಾರ ಸಂಸತ್ತಿಗೆ ಮಾತ್ರ ಇದೆ. ರಾಜ್ಯ ಸರ್ಕಾರದ ಸುತ್ತೋಲೆಯಾಗಲಿ ನ್ಯಾಯಾಲಯದ ವ್ಯಾಖ್ಯಾನವಾಗಲಿ ಪಟ್ಟಿಯಲ್ಲಿಲ್ಲದ ಹೆಸರನ್ನು ಸೇರಿಸಲಾಗದು ಎಂದು ಸರ್ವೋಚ್ಚ ನ್ಯಾಯಾಲಯವು 2000ದಲ್ಲಿ ಮಹಾರಾಷ್ಟ್ರ ಸರ್ಕಾರ ಮತ್ತು ಮಿಲಿಂದ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ. ಉದಾಹರಣೆಗೆ, ಕರ್ನಾಟಕದ ಪರಿವಾರ ಮತ್ತು ತಳವಾರ ಎಂಬ ಹೆಸರುಗಳು ನಾಯಕ ಪಂಗಡದ ಪರ್ಯಾಯ ಪದಗಳಾಗಿ ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿದ್ದು 2020ರ ಸಂಸತ್ತಿನ ಅಧಿನಿಯಮದ ಮೂಲಕ.

2. ಪ್ರಮಾಣ ಪತ್ರ ಮತ್ತು ಸಿಂಧುತ್ವ

ಕರ್ನಾಟಕದಲ್ಲಿ 1990ರ ಮೀಸಲಾತಿ ಅಧಿನಿಯಮ ಮತ್ತು 1992ರ ನಿಯಮಗಳ ಪ್ರಕಾರ ತಹಶೀಲ್ದಾರರು ಜಾತಿ ಪ್ರಮಾಣ ಪತ್ರವನ್ನು ನೀಡುತ್ತಾರೆ. ಅವರ ಆದೇಶದಿಂದ ಬಾಧಿತರಾದವರು 30 ದಿನಗಳೊಳಗೆ ಉಪವಿಭಾಗದ ಸಹಾಯಕ ಆಯುಕ್ತರಿಗೆ ಮೇಲ್ಮನವಿ ಸಲ್ಲಿಸಬಹುದು. ಮೀಸಲಾತಿಯಡಿ ಆಯ್ಕೆಯಾದವರ ಪ್ರಮಾಣ ಪತ್ರವನ್ನು ಜಾತಿ ಪರಿಶೀಲನಾ ಸಮಿತಿಯು ಪರಿಶೀಲಿಸಿ ಸಿಂಧುತ್ವ ಪ್ರಮಾಣ ಪತ್ರವನ್ನು ನೀಡುತ್ತದೆ. ಸುಳ್ಳು ಜಾತಿ ಪ್ರಮಾಣ ಪತ್ರದ ದೂರುಗಳ ತನಿಖೆಯನ್ನು ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯವು ಕೈಗೊಳ್ಳುತ್ತದೆ.

3. ವಿಚಾರಣೆಯ ಕ್ರಮ

1994ರ ಕುಮಾರಿ ಮಾಧುರಿ ಪಾಟೀಲ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 15 ಮಾರ್ಗಸೂಚಿಗಳನ್ನು ನೀಡಿದೆ. 2011ರ ದಯಾರಾಮ್ ಪ್ರಕರಣದಲ್ಲಿ ಅವುಗಳನ್ನು ಎತ್ತಿಹಿಡಿಯಲಾಗಿದೆ. ಅವುಗಳ ಮುಖ್ಯಾಂಶಗಳು:

(ಅ) ಸಮಿತಿಯ ಅಧೀನದ ಜಾಗೃತ ಘಟಕವು ನೌಕರರ ಮೂಲ ಸ್ಥಳಕ್ಕೆ ಹೋಗಿ ಶಾಲಾ ದಾಖಲೆ ಮತ್ತು ಕುಟುಂಬದ ಹಿನ್ನೆಲೆಯನ್ನು ಪರಿಶೀಲಿಸತಕ್ಕದ್ದು.
(ಆ) ವರದಿಯು ಪ್ರತಿಕೂಲವಾಗಿದ್ದಲ್ಲಿ ಅದರ ಪ್ರತಿಯೊಂದಿಗೆ ಕಾರಣ ಕೇಳುವ ನೋಟೀಸು ನೀಡಿ, ನೌಕರರ ಅಹವಾಲನ್ನು ಕೇಳತಕ್ಕದ್ದು.
(ಇ) ತಾನು ಆ ಜಾತಿಗೆ ಸೇರಿದವನೆಂದು ರುಜುವಾತುಪಡಿಸುವ ಹೊಣೆ ಪ್ರಮಾಣ ಪತ್ರ ಹೊಂದಿರುವವರ ಮೇಲಿರುತ್ತದೆ.
(ಈ) ಸಮಿತಿಯು ಪ್ರಮಾಣ ಪತ್ರವನ್ನು ರದ್ದುಪಡಿಸಿದಲ್ಲಿ ನೇಮಕಾತಿ ಪ್ರಾಧಿಕಾರಕ್ಕೆ ತಿಳಿಸತಕ್ಕದ್ದು.

4. ನೇಮಕಾತಿ ಪ್ರಾಧಿಕಾರದ ಪಾತ್ರ

ಅಧಿಕಾರಿಯು ನೀಡಿದ ಪ್ರಮಾಣ ಪತ್ರದಲ್ಲಿ ನಮೂದಾದ ಜಾತಿ ಸರಿಯೇ ತಪ್ಪೇ ಎಂಬುದನ್ನು ಇಲಾಖೆಯ ವಿಚಾರಣಾಧಿಕಾರಿಯು ತಾನೇ ತೀರ್ಮಾನಿಸುವಂತಿಲ್ಲ. ಅದನ್ನು ಪರಿಶೀಲನಾ ಸಮಿತಿಗೆ ಒಪ್ಪಿಸಬೇಕು. ಆದರೆ ಯಾವ ಕಚೇರಿಯಿಂದಲೂ ನೀಡಿಲ್ಲದ ನಕಲಿ ಪತ್ರ ಅಥವಾ ತಿದ್ದಿದ ದಾಖಲೆಯನ್ನು ಹಾಜರುಪಡಿಸಿದ್ದರೆ ಅದು ದುರ್ನಡತೆಯಾಗುತ್ತದೆ. ಇದಕ್ಕೆ ರಾಜ್ಯ ಸರ್ಕಾರಿ ನೌಕರರ ವಿಷಯದಲ್ಲಿ ಕರ್ನಾಟಕ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು, 1957ರಡಿ ದೋಷಾರೋಪಣಾ ಪಟ್ಟಿ ನೀಡಿ ವಿಚಾರಣೆ ನಡೆಸಬಹುದು. ಕೇಂದ್ರ ಸರ್ಕಾರಿ ನೌಕರರ ವಿಷಯದಲ್ಲಿ, ಸುಳ್ಳು ಪ್ರಮಾಣ ಪತ್ರದಿಂದ ನೇಮಕಗೊಂಡವರನ್ನು ಸೇವೆಯಲ್ಲಿ ಮುಂದುವರಿಸಬಾರದೆಂದು 1993ರ ಮೇ ತಿಂಗಳ ಸೂಚನೆಯು ತಿಳಿಸುತ್ತದೆ.

5. ಪ್ರಮಾಣ ಪತ್ರ ರದ್ದಾದಲ್ಲಿ ಪರಿಣಾಮ

ಆಧಾರವಾದ ಪ್ರಮಾಣ ಪತ್ರವೇ ರದ್ದಾದರೆ ನೇಮಕಾತಿಯೂ ಅದರೊಂದಿಗೆ ಬಿದ್ದುಹೋಗುತ್ತದೆ. ಕೇರಳದ ಪೊಲೀಸ್ ಅಧಿಕಾರಿಯೊಬ್ಬರಿಗೆ ಸಂಬಂಧಿಸಿದ 2004ರ ವಿಶ್ವನಾಥ ಪಿಳ್ಳೈ ಪ್ರಕರಣದಲ್ಲಿ, ಇಂತಹ ನೇಮಕಾತಿಯು ಆರಂಭದಿಂದಲೇ ಅಸಿಂಧು. ಆದ್ದರಿಂದ ಸಂವಿಧಾನದ 311ನೇ ಅನುಚ್ಛೇದದ ರಕ್ಷಣೆಯಾಗಲಿ ಪಿಂಚಣಿಯಾಗಲಿ ದೊರೆಯದು ಎಂದು ತೀರ್ಪಾಯಿತು. ಸುಮಾರು 27 ವರ್ಷಗಳ ಸೇವೆಯೂ ಅವರಿಗೆ ನೆರವಾಗಲಿಲ್ಲ.

ಕೆಲವು ತೀರ್ಪುಗಳಲ್ಲಿ ದೀರ್ಘ ಸೇವೆ ಮತ್ತು ಪ್ರಾಮಾಣಿಕ ನಂಬಿಕೆಯನ್ನು ಗಮನಿಸಿ ನೌಕರಿಯನ್ನು ಉಳಿಸಲಾಗಿತ್ತು. 2017ರ ಜುಲೈ ತಿಂಗಳಲ್ಲಿ ಭಾರತೀಯ ಆಹಾರ ನಿಗಮ ಮತ್ತು ಜಗದೀಶ್ ಬಹಿರಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ನಿಲುವನ್ನು ಒಪ್ಪಲಿಲ್ಲ. ವಂಚನೆಯ ಉದ್ದೇಶ ಇತ್ತೇ ಎಂಬುದು ಕ್ರಿಮಿನಲ್ ಮೊಕದ್ದಮೆಗೆ ಮುಖ್ಯ. ಸೌಲಭ್ಯವನ್ನು ಹಿಂಪಡೆಯಲು ಅದನ್ನು ರುಜುವಾತುಪಡಿಸಬೇಕಾಗಿಲ್ಲ. ಅನರ್ಹರು ಪಡೆದ ಒಂದು ಹುದ್ದೆಯು ಅರ್ಹರೊಬ್ಬರ ಕೈತಪ್ಪಿದ ಹುದ್ದೆ ಎಂಬುದೇ ಈ ಕಟ್ಟುನಿಟ್ಟಿನ ಹಿಂದಿರುವ ಕಾರಣ.

6. ಸರ್ಕಾರದ ಸುತ್ತೋಲೆಯನ್ನು ನಂಬಿ ಪಡೆದ ಪ್ರಮಾಣ ಪತ್ರ

ಇದಕ್ಕೆ ಒಂದು ಸೀಮಿತ ಅಪವಾದ ಕರ್ನಾಟಕದ್ದೇ ಆಗಿದೆ. ಕೆಲವು ಸಮುದಾಯಗಳನ್ನು ಪರಿಶಿಷ್ಟ ಜಾತಿಯ ಪರ್ಯಾಯ ಹೆಸರುಗಳೆಂದು ರಾಜ್ಯ ಸರ್ಕಾರದ ಹಿಂದಿನ ಸುತ್ತೋಲೆಗಳು ಪರಿಗಣಿಸಿದ್ದವು. ಅದರಂತೆ ಪ್ರಮಾಣ ಪತ್ರ ಪಡೆದು ಹಲವರು ಬ್ಯಾಂಕುಗಳು ಮತ್ತು ಸಾರ್ವಜನಿಕ ಉದ್ಯಮಗಳಲ್ಲಿ ನೇಮಕಗೊಂಡರು. ಮಿಲಿಂದ್ ತೀರ್ಪಿನ ನಂತರ ಆ ಸ್ಥಾನಮಾನ ಉಳಿಯಲಿಲ್ಲ. ಆಗ ರಾಜ್ಯ ಸರ್ಕಾರವು 29-03-2003ರ ಸುತ್ತೋಲೆಯ ಮೂಲಕ, ಈಗಾಗಲೇ ಸೇವೆಯಲ್ಲಿದ್ದವರ ನೌಕರಿಯನ್ನು ರಕ್ಷಿಸಿ, ಮುಂದೆ ಅವರನ್ನು ಸಾಮಾನ್ಯ ವರ್ಗದವರೆಂದು ಪರಿಗಣಿಸಲು ತಿಳಿಸಿತು. ಕೇಂದ್ರ ಹಣಕಾಸು ಸಚಿವಾಲಯದ 2005ರ ಪತ್ರವು ಬ್ಯಾಂಕ್ ನೌಕರರಿಗೆ ಈ ರಕ್ಷಣೆಯನ್ನು ಪುನರುಚ್ಚರಿಸಿತು. ಆದಾಗ್ಯೂ ನೌಕರರಿಗೆ ನೋಟೀಸುಗಳು ಬಂದವು. ಅಂತಿಮವಾಗಿ 28-08-2024ರಂದು ಕೆ. ನಿರ್ಮಲಾ ಮತ್ತು ಕೆನರಾ ಬ್ಯಾಂಕ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಅವರ ಸೇವೆಯನ್ನು ರಕ್ಷಿಸಿತು. ಈ ರಕ್ಷಣೆ ಮುಂದಿನ ಮೀಸಲಾತಿ ಸೌಲಭ್ಯಕ್ಕೆ ಅನ್ವಯಿಸುವುದಿಲ್ಲ.

7. ನೋಟೀಸು ಬಂದಲ್ಲಿ ನೌಕರರು ಗಮನಿಸಬೇಕಾದ ಅಂಶಗಳು

• ನೋಟೀಸಿನಲ್ಲಿ ಸೂಚಿಸಿದ ಅವಧಿಯೊಳಗೆ ಲಿಖಿತ ಉತ್ತರ ಸಲ್ಲಿಸುವುದು. ವರದಿ ಮತ್ತು ದೂರಿನ ಪ್ರತಿಯನ್ನು ಲಿಖಿತವಾಗಿ ಕೋರುವುದು.
• ತಮ್ಮ ಹಾಗೂ ತಂದೆಯ ಕಡೆಯ ಹಿರಿಯರ ಶಾಲಾ ದಾಖಲಾತಿ ವಹಿಯ ದೃಢೀಕೃತ ಉದ್ಧರಣೆಗಳನ್ನು ಹಾಜರುಪಡಿಸುವುದು. ವಿವಾದಕ್ಕೆ ಮುಂಚಿನ ಹಳೆಯ ದಾಖಲೆಗಳಿಗೆ ಹೆಚ್ಚಿನ ಬೆಲೆ ಇರುತ್ತದೆ.
• ಹಿಂದೆ ಸೂಕ್ತ ವಿಚಾರಣೆ ನಡೆದು ಪ್ರಮಾಣ ಪತ್ರ ಎತ್ತಿಹಿಡಿಯಲ್ಪಟ್ಟಿದ್ದರೆ ಆ ಆದೇಶವನ್ನು ತೋರಿಸುವುದು. ವಂಚನೆ ನಡೆದಿದ್ದರೆ ಅಥವಾ ಸರಿಯಾದ ವಿಚಾರಣೆ ನಡೆಯದಿದ್ದರೆ ಮಾತ್ರ ಅದನ್ನು ಮತ್ತೆ ತೆರೆಯಬಹುದೆಂದು 2021ರ ಜೆ. ಚಿತ್ರಾ ಪ್ರಕರಣದಲ್ಲಿ ಹೇಳಲಾಗಿದೆ.
• ಸಮಿತಿಯ ಆದೇಶದಿಂದ ಬಾಧಿತರಾದವರು ಕಾನೂನಿನಲ್ಲಿರುವ ಮೇಲ್ಮನವಿಯನ್ನು ಅವಧಿಯೊಳಗೆ ಸಲ್ಲಿಸುವುದು. ಸಂವಿಧಾನದ 226ನೇ ಅನುಚ್ಛೇದದಡಿ ಉಚ್ಚ ನ್ಯಾಯಾಲಯಕ್ಕೂ ಹೋಗಬಹುದು.

8. ಅರ್ಜಿದಾರರಿಗೆ ಸೂಚನೆ

ಅರ್ಜಿಯಲ್ಲಿ ಜಾತಿಯ ಹೆಸರನ್ನು ಮೂಲ ಶಾಲಾ ದಾಖಲೆಯಲ್ಲಿರುವಂತೆಯೇ ನಮೂದಿಸಬೇಕು. ವಿವಾಹದಿಂದ ಜಾತಿ ಬದಲಾಗುವುದಿಲ್ಲ. ಪ್ರಮಾಣ ಪತ್ರ ಕೈಸೇರಿದ ಕೂಡಲೇ ಹೆಸರು, ಜಾತಿ ಮತ್ತು ತಂದೆಯ ಹೆಸರನ್ನು ಪರಿಶೀಲಿಸಿ, ತಪ್ಪಿದ್ದಲ್ಲಿ ಆಗಲೇ ಸರಿಪಡಿಸಿಕೊಳ್ಳತಕ್ಕದ್ದು. ಅಂದು ಬಿಟ್ಟ ಒಂದು ತಪ್ಪು ನಿವೃತ್ತಿಯ ಅಂಚಿನಲ್ಲಿ ನೌಕರಿಗೂ ಪಿಂಚಣಿಗೂ ಕುತ್ತಾಗಬಹುದು.

ವಿ.ಸೂ.: ಈ ವಿವರಣೆಯು ಸಾಮಾನ್ಯ ಮಾಹಿತಿಗಾಗಿ ಮಾತ್ರ. ನಿರ್ದಿಷ್ಟ ಪ್ರಕರಣಗಳಲ್ಲಿ ಆಯಾ ಅಧಿನಿಯಮ, ನಿಯಮ ಹಾಗೂ ನ್ಯಾಯಾಲಯದ ಆದೇಶಗಳೇ ಅಂತಿಮ.